ಸಸ್ಪೆಂಡ್ ಆದವರ ಅರ್ಧ ಸಂಬಳ ಮತ್ತು ಕೆಜಿಎಫ್‌ನ ಒಂದು ಹಳೇ ಕೇಸು

ನಮ್ಮ ಕೋಲಾರದ ಕಡೆ ಯಾವನಾದರೂ ಸರ್ಕಾರಿ ನೌಕರ ಲಂಚ ತಗೊಂಡು ಲೋಕಾಯುಕ್ತಕ್ಕೆ ಸಿಕ್ಕಿಬಿದ್ದರೆ ಸಂಜೆಯೊಳಗೆ ವಾಟ್ಸಾಪಿನಲ್ಲಿ ಫೋಟೋ ಬಂದಿರುತ್ತದೆ. ಮೇಜಿನ ಮೇಲೆ ನೋಟು, ಪಕ್ಕದಲ್ಲಿ ಗುಲಾಬಿ ಬಣ್ಣಕ್ಕೆ ತಿರುಗಿದ ನೀರಿನ ಬಾಟ್ಲಿ. ಕೆಳಗೆ ಒಬ್ಬರು ಬರೆದೇ ಬರೆಯುತ್ತಾರೆ, "ಏನಾಗುತ್ತೆ ಬಿಡಿ, ಮನೇಲಿ ಕೂತು ಅರ್ಧ ಸಂಬಳ ತಿಂದು ವಾಪಸ್ ಬರ್ತಾನೆ" ಅಂತ.

ನಾನು ಸಿಬ್ಬಂದಿ ಶಾಖೆಯ ಗುಮಾಸ್ತ. ಇಂಥ ಕಡತಗಳು ನನ್ನ ಮೇಜಿನ ಮೇಲೂ ಹಾದು ಹೋಗುತ್ತವೆ. ಆ ಸಿಟ್ಟು ನನಗೂ ಅರ್ಥವಾಗುತ್ತದೆ. ಆದರೆ ಸಿಟ್ಟು ಹೋಗಿ ಬೀಳಬೇಕಾದ್ದು ಅರ್ಧ ಸಂಬಳದ ಮೇಲೆ ಅಲ್ಲ, ಮುಗಿಯದ ವಿಚಾರಣೆಯ ಮೇಲೆ.

ಅಮಾನತು ಶಿಕ್ಷೆಯ ಪಟ್ಟಿಯಲ್ಲೇ ಇಲ್ಲ. ರಾಜ್ಯದ ಸರ್ಕಾರಿ ನೌಕರರ ಶಿಸ್ತಿನ ನಿಯಮಗಳಾದ 1957ರ ಸಿಸಿಎ ನಿಯಮಗಳಲ್ಲಿ 10ನೇ ನಿಯಮ ಅಮಾನತಿನದು. ನೌಕರ 48 ಗಂಟೆಗಿಂತ ಜಾಸ್ತಿ ಕಸ್ಟಡಿಯಲ್ಲಿದ್ದರೆ ತಾನಾಗೇ ಅಮಾನತಾದ ಹಾಗೆ ಲೆಕ್ಕ. ಆಮೇಲೆ ಎರಡು ದಾರಿ ಒಟ್ಟಿಗೇ ಶುರುವಾಗುತ್ತವೆ. ಕೋರ್ಟಿನಲ್ಲಿ ಕ್ರಿಮಿನಲ್ ಕೇಸು, ಇಲಾಖೆಯಲ್ಲಿ ಡಿಇ, ಅಂದರೆ ಇಲಾಖಾ ವಿಚಾರಣೆ. ಕೋರ್ಟಿಗೆ ಸಂಶಯಕ್ಕೆ ಎಡೆಯಿಲ್ಲದ ಸಾಕ್ಷಿ ಬೇಕು. ಡಿಇಗೆ ಅಷ್ಟು ಬೇಡ, ಹೀಗೆ ನಡೆದಿರುವ ಸಾಧ್ಯತೆಯೇ ಹೆಚ್ಚು ಅಂತ ಕಂಡರೆ ಸಾಕು. ಹಾಗಾಗಿ ಡಿಇ ಬೇಗ ಮುಗಿಯಬೇಕು ಅಲ್ವಾ? ಮುಗಿಯೋದಿಲ್ಲ. "ಪ್ರಕರಣ ನ್ಯಾಯಾಲಯದಲ್ಲಿರುವುದರಿಂದ" ಅಂತ ಒಂದು ಸಾಲು ಬರೆದು ಕಡತವನ್ನು ಮಲಗಿಸಿಬಿಡುತ್ತಾರೆ. ಮೇಲಿನವರಿಗೆ ತೀರ್ಮಾನ ತಗೊಳ್ಳೋ ತಲೆನೋವಿಲ್ಲ, ತಪ್ಪು ಮಾಡಿದವನಿಗೆ ಅದಕ್ಕಿಂತ ಆರಾಮ ಇನ್ನೊಂದಿಲ್ಲ.

ಎರಡೂ ಒಟ್ಟಿಗೆ ನಡೆಯಬಹುದೋ ಇಲ್ಲವೋ ಅನ್ನೋ ಪ್ರಶ್ನೆ ಎದ್ದಾಗ ದೇಶದ ವಕೀಲರೆಲ್ಲ ಹೇಳುವ ತೀರ್ಪು ಯಾವೂರಿನದು ಗೊತ್ತಾ? ನಮ್ಮ ಕೆಜಿಎಫ್‌ನದು! ಕ್ಯಾಪ್ಟನ್ ಪಾಲ್ ಆಂಥನಿ ಅಲ್ಲಿನ ಸರ್ಕಾರಿ ಚಿನ್ನದ ಗಣಿ ಕಂಪನಿ ಭಾರತ್ ಗೋಲ್ಡ್ ಮೈನ್ಸ್‌ನಲ್ಲಿ ಸೆಕ್ಯುರಿಟಿ ಆಫೀಸರ್ ಆಗಿದ್ದವರು. 1985ರ ಜೂನ್ 2ರಂದು ಪೊಲೀಸರು ಅವರ ಮನೆ ತಪಾಸಣೆ ಮಾಡಿದರು. ಸಿಕ್ಕಿದ್ದು 4.5 ಗ್ರಾಂ ತೂಕದ ಚಿನ್ನದ ಉಂಡೆ, ಒಂದಿಷ್ಟು ಚಿನ್ನದ ಮರಳು ಅಂತ ಮಹಜರಾಯಿತು. ಮಾರನೇ ದಿನವೇ ಅಮಾನತು. ಕ್ರಿಮಿನಲ್ ಕೇಸು ಮುಗಿಯುವವರೆಗೆ ವಿಚಾರಣೆ ನಿಲ್ಲಿಸಿ ಅಂತ ಅವರು ಕೇಳಿಕೊಂಡರೂ ಕಂಪನಿ ಒಪ್ಪಲಿಲ್ಲ. ಅವರು ಕೇರಳದಲ್ಲಿದ್ದರು, ಜೀವನಾಧಾರ ಭತ್ಯೆಯನ್ನೂ, ಅಂದರೆ ಜನ ಅರ್ಧ ಸಂಬಳ ಅನ್ನೋದನ್ನೂ, ಕೊಟ್ಟಿರಲಿಲ್ಲ. ಬಸ್ಸು ರೈಲಿಗೆ ದುಡ್ಡಿಲ್ಲದವನು ವಿಚಾರಣೆಗೆ ಹೇಗೆ ಬರಬೇಕು? ಅವರು ಇಲ್ಲದೇ ವಿಚಾರಣೆ ನಡೆಸಿ 1986ರ ಜೂನ್‌ನಲ್ಲಿ ಕೆಲಸದಿಂದ ತೆಗೆದರು. 1987ರ ಫೆಬ್ರವರಿಯಲ್ಲಿ ಕ್ರಿಮಿನಲ್ ಕೋರ್ಟು ಅವರನ್ನು ಖುಲಾಸೆ ಮಾಡಿತು. ಆದರೂ ಕೆಲಸ ವಾಪಸ್ ಸಿಗಲಿಲ್ಲ. ಹೈಕೋರ್ಟಿನಲ್ಲಿ ಒಂದು ಸಲ ಗೆದ್ದು, ಒಂದು ಸಲ ಸೋತು, ಕೊನೆಗೆ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದ್ದು 1999ರ ಮಾರ್ಚ್ 30ರಂದು. ಕೆಲಸ ಕೊಡಿ, ಅಮಾನತಾದ ದಿನದಿಂದ ಬಾಕಿ ಸಂಬಳವನ್ನೂ ಕೊಡಿ ಅಂತ. 2001ರಲ್ಲಿ ಗಣಿಯೇ ಮುಚ್ಚಿತು ಅನ್ನೋದು ಬೇರೆ ಮಾತು.

ಆ ತೀರ್ಪನ್ನು ಅರ್ಧ ಓದುವವರೇ ಜಾಸ್ತಿ. ಎರಡೂ ಒಟ್ಟಿಗೆ ನಡೆಯಲು ಅಡ್ಡಿಯಿಲ್ಲ ಅಂತಲೇ ಅದು ಶುರುಮಾಡುತ್ತದೆ. ಆರೋಪ ಗಂಭೀರವಾಗಿದ್ದು, ಎರಡು ಕಡೆಯೂ ಅದೇ ಸಂಗತಿ ಇದ್ದು, ಕಾನೂನಿನ ಜಟಿಲ ಪ್ರಶ್ನೆಗಳೂ ಇದ್ದರೆ ಮಾತ್ರ ಡಿಇ ತಡೆದಿಡುವುದು ಒಳ್ಳೆಯದು ಅನ್ನುತ್ತದೆ. ಹಾಗೆ ತಡೆದರೂ, ಕೋರ್ಟಿನಲ್ಲಿ ಕೇಸು ಎಳೆದಾಡುತ್ತಿದ್ದರೆ ಡಿಇಯನ್ನು ಮತ್ತೆ ಶುರುಮಾಡಬಹುದು ಅಂತಲೂ ಹೇಳಿದೆ. ಈ ಕೊನೇ ಮಾತನ್ನು ನಮ್ಮ ಆಫೀಸುಗಳಲ್ಲಿ ಯಾರೂ ನೆನಪಿಟ್ಟುಕೊಳ್ಳುವುದಿಲ್ಲ, ಯಾಕೆಂದರೆ ನೆನಪಿಟ್ಟುಕೊಂಡರೆ ಕೆಲಸ ಮಾಡಬೇಕಾಗುತ್ತದೆ. 2015ರಲ್ಲಿ ಇನ್ನೊಂದು ತೀರ್ಪು ಬಂತು, ಅಜಯ್ ಕುಮಾರ್ ಚೌಧರಿ ಕೇಸು. ಮೂರು ತಿಂಗಳೊಳಗೆ ದೋಷಾರೋಪಣೆ ಪಟ್ಟಿ ಕೊಡದಿದ್ದರೆ ಅಮಾನತನ್ನು ಮುಂದುವರಿಸಬಾರದು ಅಂತ.

ಹಾಗಂತ ಖುಲಾಸೆಯಾದ ಕೂಡಲೇ ಎಲ್ಲಾ ಮಾಫಿ ಅಂತಲ್ಲ. ಸಂಶಯದ ಲಾಭದಲ್ಲಿ ಹೊರಗೆ ಬಂದವನ ಮೇಲೆ ಡಿಇ ಮುಂದುವರಿಯಬಹುದು. ಪಾಲ್ ಆಂಥನಿ ಕೇಸು ಬೇರೆ, ಅಲ್ಲಿ ಕೋರ್ಟಿನಲ್ಲೂ ಡಿಇಯಲ್ಲೂ ಅದೇ ದಾಳಿ, ಅದೇ ಸಾಕ್ಷಿಗಳು. ಕೋರ್ಟು ನಂಬದ ಸಾಕ್ಷಿಯನ್ನೇ ಕಂಪನಿ ನಂಬಿತ್ತು. ಇನ್ನು ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆಯೇ ಆದರೆ ಸಂವಿಧಾನದ 311ನೇ ವಿಧಿಯ ಪ್ರಕಾರ ಬೇರೆ ವಿಚಾರಣೆ ಇಲ್ಲದೆಯೂ ವಜಾ ಮಾಡಬಹುದು.

ಈಗ ಅಮಾನತಾಗಿ ಕೂತವರಿಗೆ ಒಂದು ಮಾತು. ಬೇರೆಲ್ಲೂ ಕೆಲಸ ಮಾಡುತ್ತಿಲ್ಲ ಅನ್ನೋ ಪ್ರಮಾಣಪತ್ರವನ್ನು ತಿಂಗಳು ತಿಂಗಳು ಕೊಡಿ. ಅದಿಲ್ಲದೆ ಭತ್ಯೆಯ ಬಿಲ್ಲು ನಮ್ಮ ಮೇಜು ದಾಟುವುದಿಲ್ಲ. ಭತ್ಯೆ ಬಾರದಿದ್ದರೆ ಬಾಯಲ್ಲಿ ಗೋಳಾಡಬೇಡಿ, ಬರವಣಿಗೆಯಲ್ಲಿ ಕೇಳಿ, ಸ್ವೀಕೃತಿ ಸೀಲು ಹಾಕಿಸಿಕೊಂಡು ಒಂದು ಪ್ರತಿ ಮನೆಯಲ್ಲಿಡಿ. ಕೆಜಿಎಫ್ ಕೇಸಿನಲ್ಲಿ ಭತ್ಯೆ ಕೊಡದೇ ಇದ್ದದ್ದೂ ಆ ವಿಚಾರಣೆ ಬಿದ್ದುಹೋಗಲು ಒಂದು ಕಾರಣ.