ಒಂದೇ ಬೇಸಿಗೆಯಲ್ಲಿ 304 ವಿಕೆಟ್

ನಾವಿರುವುದು ಇಂಗ್ಲೆಂಡಿನ ಕೆಂಟ್‌ನಲ್ಲಿ, ಮೇಡ್‌ಸ್ಟೋನ್ ಊರಿನ ಅಂಚಿಗೆ. ಪಕ್ಕದಲ್ಲೇ ಬೇರ್‌ಸ್ಟೆಡ್ ಅಂತ ಹಳ್ಳಿ. ಅಲ್ಲಿ ಊರ ನಡುವಿನ ಬಯಲಿನಲ್ಲೇ ಕ್ರಿಕೆಟ್. ಹೋದ ಶನಿವಾರ ಹುಡುಗನೊಬ್ಬ ಲೆಗ್ ಸ್ಪಿನ್ ಹಾಕುತ್ತಿದ್ದ. ಊರಿನ ನೆನಪಾಗಿ, ಪಕ್ಕ ಕೂತಿದ್ದ ಹಿರಿಯರಿಗೆ ನಮ್ಮ ಕುಂಬ್ಳೆ ದೆಹಲಿಯಲ್ಲಿ ಹತ್ತೂ ವಿಕೆಟ್ ತೆಗೆದದ್ದನ್ನು ಹೇಳಿದೆ. ಅವರು ಖುಷಿಯಿಂದ ಕೇಳಿದರು. ಆಮೇಲೆ, "ನಮ್ಮ ಟಿಚ್ ಫ್ರೀಮನ್ ಕೌಂಟಿ, ಅಂದರೆ ಇಲ್ಲಿನ ಜಿಲ್ಲಾ ತಂಡಗಳ ಕ್ರಿಕೆಟ್‌ನಲ್ಲಿ ಅದನ್ನು ಮೂರು ಸಲ ಮಾಡಿದ್ದಾರೆ. ಕೊನೆಗಾಲದಲ್ಲಿ ಇದೇ ಊರಲ್ಲಿದ್ದರು" ಅಂದರು.

ನನಗೆ ಆ ಹೆಸರೇ ಗೊತ್ತಿರಲಿಲ್ಲ. ಮನೆಗೆ ಬಂದು ಓದುತ್ತಾ ಕೂತೆ.

1929, 1930, 1931. ಮೂರು ವರ್ಷ, ವರ್ಷಕ್ಕೊಂದು ಸಲ ಹತ್ತಕ್ಕೆ ಹತ್ತು. ಮೊದಲನೆಯದು ನಮ್ಮ ಮೇಡ್‌ಸ್ಟೋನ್‌ನಲ್ಲೇ, ಲ್ಯಾಂಕಾಶೈರ್ ಮೇಲೆ. ಆಳು ಐದಡಿ ಎರಡಂಗುಲ, ಅದಕ್ಕೇ ಟಿಚ್ ಅನ್ನೋ ಅಡ್ಡಹೆಸರು. ಕೆಂಟ್ ಪರ ಆಡಲು ಶುರು ಮಾಡಿದ್ದು 1914ರಲ್ಲಿ, 26ನೇ ವಯಸ್ಸಿಗೆ. ಅದೇ ವರ್ಷ ಯುದ್ಧ ಬಂತು. ಮತ್ತೆ ಕೌಂಟಿ ಕ್ರಿಕೆಟ್ ಶುರುವಾಗುವ ಹೊತ್ತಿಗೆ ಅವರಿಗೆ 31.

ಆಮೇಲಿನದನ್ನು ನಂಬೋದೇ ಕಷ್ಟ. 1928ರ ಒಂದೇ ಬೇಸಿಗೆಯಲ್ಲಿ 304 ವಿಕೆಟ್! ಆಗ ವಯಸ್ಸು 40. ಅದಕ್ಕಾಗಿ ಎಸೆದದ್ದು ಸುಮಾರು 2,000 ಓವರ್. ಸತತ ಎಂಟು ವರ್ಷ 200ಕ್ಕಿಂತ ಜಾಸ್ತಿ ವಿಕೆಟ್. ನಮ್ಮ ಕುಂಬ್ಳೆ 1995ರಲ್ಲಿ ನಾರ್ಥಾಂಪ್ಟನ್‌ಶೈರ್‌ಗೆ ಆಡಿ 105 ವಿಕೆಟ್ ತೆಗೆದಾಗ ನಾವೆಲ್ಲ ಎಷ್ಟು ಹೆಮ್ಮೆ ಪಟ್ಟಿದ್ದೆವು, ಅಲ್ವಾ? ಫ್ರೀಮನ್ ಕಾಲದಲ್ಲಿ ಪಂದ್ಯಗಳು ತುಂಬಾ ಜಾಸ್ತಿ ಇದ್ದವು, ನಿಜ. ಆದರೂ ಬೆರಳು ಯಾರದ್ದೋ ಅಲ್ಲ, ಅವರದ್ದೇ.

ಅವರ ವಿಕೆಟ್‌ಗಳಲ್ಲಿ ಅರ್ಧ ಕಥೆ ಕೀಪರ್ ಲೆಸ್ ಏಮ್ಸ್ ಅವರದ್ದು. ಫ್ರೀಮನ್ ಚೆಂಡನ್ನು ಮೇಲಕ್ಕೆ ತೇಲಿಸಿ ಬಿಡುತ್ತಾರೆ. ಬ್ಯಾಟ್ಸ್‌ಮನ್ ಆಸೆಪಟ್ಟು ಮುಂದೆ ಬರುತ್ತಾನೆ. ಚೆಂಡು ಅವನು ಎಣಿಸಿದ್ದಕ್ಕಿಂತ ಗೇಣು ಹಿಂದೆ ಬಿದ್ದು ತಿರುಗುತ್ತದೆ. ಅಷ್ಟರಲ್ಲಿ ಹಿಂದೆ ಏಮ್ಸ್ ಬೇಲ್ಸ್ ಹಾರಿಸಿರುತ್ತಾರೆ. 1932ರಲ್ಲಿ ಏಮ್ಸ್ ಒಟ್ಟು 64 ಸ್ಟಂಪಿಂಗ್ ಮಾಡಿದರು.

ಇಷ್ಟಾದರೂ ಟೆಸ್ಟ್ ಸಿಕ್ಕಿದ್ದು ಬರೀ 12. ಆಸ್ಟ್ರೇಲಿಯಾ ಪ್ರವಾಸದಲ್ಲಿ ಅಲ್ಲಿನ ಗಟ್ಟಿ ನೆಲದ ಮೇಲೆ ಅವರ ಚೆಂಡು ನಡೆಯಲಿಲ್ಲ. ಅಲ್ಲಿ ಆಡಿದ ಎರಡು ಟೆಸ್ಟ್ ಅವರ ಬೆನ್ನಿಗಂಟಿಕೊಂಡವು ಅಂತ ನನಗನ್ನಿಸುತ್ತದೆ. ಆಡಿದ 12ರಲ್ಲಿ 66 ವಿಕೆಟ್ ಇವೆ, ಅದೇನು ಕಮ್ಮಿಯೇ?

ಇನ್ನೊಂದು ವಿಷಯ ಮನಸ್ಸಿಗೆ ನಾಟಿತು. ಆಗ ಸಂಬಳಕ್ಕೆ ಆಡುವವರು ಬೇರೆ, ಹವ್ಯಾಸಕ್ಕೆ ಆಡುವ ಸಿರಿವಂತರು ಬೇರೆ. ಬಟ್ಟೆ ಬದಲಿಸುವ ಕೋಣೆಯೂ ಬೇರೆ. ಸ್ಕೋರ್ ಪಟ್ಟಿಯಲ್ಲಿ ಸಿರಿವಂತರಿಗೆ ಹೆಸರಿನ ಮುಂದೆ ಇನಿಷಿಯಲ್. ಸಂಬಳದವರಿಗೆ ಬರೀ ಹೆಸರು, ಇಲ್ಲವೇ ಇನಿಷಿಯಲ್ ಕೊನೆಗೆ. ಕೆಂಟ್ ನಾಯಕರಾಗಿ ಬಂದವರು ಹವ್ಯಾಸಕ್ಕೆ ಆಡುತ್ತಿದ್ದ ಎ.ಪಿ.ಎಫ್. ಚಾಪ್‌ಮನ್. ಸಂಬಳಕ್ಕೆ ಆಡುತ್ತಿದ್ದ ಫ್ರೀಮನ್ ಅವರದ್ದೂ ಎ.ಪಿ.ಯೇ, ಆಲ್ಫ್ರೆಡ್ ಪರ್ಸಿ. ಆ ಎರಡಕ್ಷರ ಎಲ್ಲಿ ಕೂರಬೇಕು ಅನ್ನೋದನ್ನು ವಿಕೆಟ್‌ಗಳು ತೀರ್ಮಾನಿಸಲಿಲ್ಲ.

1936ರ ಕೊನೆಗೆ ಕೆಂಟ್ ಅವರನ್ನು ತಂಡದಿಂದ ಕೈಬಿಟ್ಟಿತು. ಒಟ್ಟು ವಿಕೆಟ್ 3,776. ಅದಕ್ಕಿಂತ ಜಾಸ್ತಿ ತೆಗೆದವರು ವಿಲ್ಫ್ರೆಡ್ ರೋಡ್ಸ್ ಒಬ್ಬರೇ. 1965ರಲ್ಲಿ ಬೇರ್‌ಸ್ಟೆಡ್‌ನಲ್ಲೇ ತೀರಿಕೊಂಡರು. ಮನೆಗೆ ಅವರಿಟ್ಟಿದ್ದ ಹೆಸರು 'ಡನ್‌ಬೌಲಿನ್'. ಬೌಲಿಂಗ್ ಮುಗಿಯಿತು ಅಂತ.