ರೂಪದರ್ಶಿ ಮಾಡುವುದಾದರೂ ಏನು?

“ಬೆಳಕು, ಕ್ಯಾಮೆರಾ, ಚೌಕಟ್ಟು ಎಲ್ಲವೂ ನಿಮ್ಮದೇ. ಬಟ್ಟೆಯಿಲ್ಲದೆ ಸುಮ್ಮನೆ ನಿಲ್ಲುವುದರಲ್ಲಿ ರೂಪದರ್ಶಿಯ ಕಲೆ ಏನಿದೆ?” ನಗ್ನ ಛಾಯಾಚಿತ್ರಗಳನ್ನು ತೆಗೆಯುವ ನನ್ನನ್ನು ಹೆಚ್ಚು ಜನ ಕೇಳುವ ಪ್ರಶ್ನೆ ಇದು. ಕೇಳುವವರ ಮನಸ್ಸಿನಲ್ಲಿ ಕೆಟ್ಟದ್ದೇನೂ ಇರುವುದಿಲ್ಲ. ಆದರೂ ಪ್ರತಿ ಸಲ ನೋವಾಗುತ್ತದೆ, ಏಕೆಂದರೆ ಚಿತ್ರದ ಅರ್ಧಕ್ಕಿಂತ ಹೆಚ್ಚು ಕೆಲಸ ಕ್ಯಾಮೆರಾದ ಎದುರಿನಲ್ಲೇ ನಡೆಯುತ್ತದೆ.

ಸುಮ್ಮನೆ ನಿಂತ ಮೈ ಚಿತ್ರದಲ್ಲಿ ಜಡವಾಗಿ ಕಾಣುತ್ತದೆ. ಭಾರವನ್ನೆಲ್ಲ ಒಂದು ಕಾಲಿಗೆ ಕೊಟ್ಟಾಗ ಸೊಂಟ ಆ ಕಡೆಗೆ ಏರುತ್ತದೆ, ಹೆಗಲು ಇಳಿಯುತ್ತದೆ, ಬೆನ್ನಿನ ಗೆರೆ ಬಾಗುತ್ತದೆ. ಪಕ್ಕದಿಂದ ಒಂದೇ ಬೆಳಕು ಬೀಳುತ್ತಿದ್ದರೆ ಪಕ್ಕೆಲುಬಿನ ಕೆಳಗಿನ ನೆರಳು ಒಂದು ಉಸಿರಿಗೆ ಮೂಡಿ ಮತ್ತೊಂದಕ್ಕೆ ಅಳಿಸಿಹೋಗುತ್ತದೆ. ಆ ಉಸಿರನ್ನು ಎಲ್ಲಿ ತಡೆಯಬೇಕೆಂದು ನುರಿತ ರೂಪದರ್ಶಿ ಬಲ್ಲರು. ಅದನ್ನು ನಾನು ಹೇಳಿಕೊಡಲಾರೆ. ಎಲ್ಲಕ್ಕಿಂತ ಕಷ್ಟ ಕೈಗಳದು. ಮುಖ ನೆರಳಿನಲ್ಲಿದ್ದರೆ ನೋಡುವವರ ಕಣ್ಣು ಬೆರಳುಗಳನ್ನೇ ಹುಡುಕುತ್ತದೆ. ಅಲ್ಲಿ ಬಿಗಿತ ಕಂಡರೆ ಇಡೀ ಭಂಗಿಯೇ ಸುಳ್ಳೆನಿಸುತ್ತದೆ. ಸಿದ್ಧತೆಯೂ ಅವರದೇ: ಚರ್ಮದ ಮೇಲೆ ಎಲಾಸ್ಟಿಕ್ ಗುರುತು ಉಳಿಯಬಾರದೆಂದು ಮೊದಲೇ ಸಡಿಲ ಬಟ್ಟೆ ತೊಟ್ಟು ಬರುತ್ತಾರೆ.

1936ರಲ್ಲಿ ಅಮೆರಿಕದ ಛಾಯಾಗ್ರಾಹಕ ಎಡ್ವರ್ಡ್ ವೆಸ್ಟನ್ ಕ್ಯಾಲಿಫೋರ್ನಿಯಾದ ಸಾಂಟಾ ಮೋನಿಕಾದ ತಮ್ಮ ಮನೆಯ ಬಾಗಿಲಲ್ಲಿ ತೆಗೆದ ನಗ್ನ ಚಿತ್ರವೊಂದಿದೆ. ರೂಪದರ್ಶಿ ಕ್ಯಾರಿಸ್ ವಿಲ್ಸನ್ ತಲೆ ತಗ್ಗಿಸಿ, ಮಡಚಿದ ಕಾಲನ್ನು ತೋಳುಗಳಿಂದ ಬಳಸಿ ಕುಳಿತಿದ್ದಾರೆ. ಮುಖ ಕಾಣುವುದೇ ಇಲ್ಲ. ಬಲತೋಳಿನ ಮೇಲಿನ ನೆರಳು ವೆಸ್ಟನ್‌ಗೆ ಎಂದೂ ಹಿಡಿಸಲಿಲ್ಲ. ತಮ್ಮ ಸೊಟ್ಟ ಬೈತಲೆ ಮತ್ತು ಕೂದಲ ಪಿನ್ನುಗಳು ವಿಲ್ಸನ್‌ಗೆ ಹಿಡಿಸಲಿಲ್ಲ. ಇಬ್ಬರೂ ತಂತಮ್ಮ ಕೆಲಸವನ್ನು ಅಷ್ಟು ನಿಷ್ಠುರವಾಗಿ ನೋಡಿಕೊಂಡಿದ್ದರು ಎಂಬುದೇ ನನ್ನ ಉತ್ತರದ ತಿರುಳು. ಆ ಚಿತ್ರವನ್ನು ಅಂಚೆಯಲ್ಲಿ ಕಳುಹಿಸಿದರೆ ಅಶ್ಲೀಲವೆಂದು ತಡೆದಾರೇನೋ ಎಂದು ವೆಸ್ಟನ್ ಅದನ್ನು ಭೂತಗನ್ನಡಿ ಹಿಡಿದು ಪರೀಕ್ಷಿಸಿದ್ದನ್ನೂ ವಿಲ್ಸನ್ ನೆನಪಿಸಿಕೊಂಡಿದ್ದಾರೆ. 1937ರಲ್ಲಿ ಗುಗೆನ್‌ಹೈಮ್ ಫೆಲೋಶಿಪ್ (ಕಲಾವಿದರಿಗೂ ವಿದ್ವಾಂಸರಿಗೂ ಕೊಡುವ ಧನಸಹಾಯ) ಪಡೆದ ಮೊದಲ ಛಾಯಾಗ್ರಾಹಕ ವೆಸ್ಟನ್. ಅದರ ಅರ್ಜಿಯ ಬರವಣಿಗೆಗೆ ಕೈಜೋಡಿಸಿದವರೂ ವಿಲ್ಸನ್ನರೇ.

ರೂಪದರ್ಶಿ ಎಂದರೆ ಹೆಣ್ಣೇ ಆಗಬೇಕಿಲ್ಲ. ಅಮೆರಿಕದ ಛಾಯಾಗ್ರಾಹಕಿ ಇಮೋಜೆನ್ ಕನ್ನಿಂಗ್‌ಹ್ಯಾಮ್ 1915ರಲ್ಲಿ ಮೌಂಟ್ ರೇನಿಯರ್ ಪರ್ವತದಲ್ಲಿ ತಮ್ಮ ಗಂಡನ ನಗ್ನ ಚಿತ್ರಗಳನ್ನು ತೆಗೆದಿದ್ದರು.

ಇಷ್ಟೆಲ್ಲ ಆಗಬೇಕಾದರೆ ರೂಪದರ್ಶಿಗೆ ಭಯವಿರಬಾರದು. ನಾನು ವಯಸ್ಕರೊಂದಿಗೆ ಮಾತ್ರ ಕೆಲಸ ಮಾಡುತ್ತೇನೆ, ಮೊದಲೇ ಲಿಖಿತ ಒಪ್ಪಂದ ಮಾಡಿಕೊಳ್ಳುತ್ತೇನೆ. ಭಂಗಿ ತಿದ್ದಲು ಮೈ ಮುಟ್ಟುವುದಿಲ್ಲ. ಬಾಯಲ್ಲಿ ಹೇಳುತ್ತೇನೆ, ಇಲ್ಲವೇ ನಾನೇ ನಿಂತು ತೋರಿಸುತ್ತೇನೆ. ಕೋಣೆ ಬೆಚ್ಚಗಿರಬೇಕು, ಬಿಡುವಿನಲ್ಲಿ ಹೊದೆಯಲು ನಿಲುವಂಗಿ ಕೈಗೆಟಕುವಂತಿರಬೇಕು. ಯಾವ ಚಿತ್ರ ಹೊರಗೆ ಹೋಗಬಾರದೆಂದು ಅವರು ಹೇಳಿದರೆ ಅದು ಹೋಗುವುದಿಲ್ಲ, ನನಗೆ ಎಷ್ಟೇ ಇಷ್ಟವಾಗಿದ್ದರೂ. ಪ್ರದರ್ಶನದಲ್ಲಿ ನನ್ನ ಹೆಸರಿನಷ್ಟೇ ದೊಡ್ಡ ಅಕ್ಷರಗಳಲ್ಲಿ ಅವರ ಹೆಸರನ್ನೂ ಹಾಕಿಸುತ್ತೇನೆ. ಹೆಸರು ಬೇಡವೆಂದವರ ಗುರುತನ್ನು ಯಾರು ಕೇಳಿದರೂ ಹೇಳುವುದಿಲ್ಲ.