ಸಿಕ್ಕಿಬಿದ್ದ ದಿನದ ಎರಡು ಗಡಿಯಾರ

ಶಾಲೆಯ ಟಾಯ್ಲೆಟ್ಟಿನಲ್ಲಿ ವೇಪ್ (ನಿಕೋಟಿನ್ ಎಳೆಯುವ ಇ-ಸಿಗರೇಟು) ಸಮೇತ ಸಿಕ್ಕಿಬಿದ್ದ ಹುಡುಗನನ್ನು ಪ್ರಿನ್ಸಿಪಾಲರ ಕೋಣೆಯ ಹೊರಗಿನ ಬೆಂಚಿನ ಮೇಲೆ ಕೂರಿಸಿರುತ್ತಾರೆ. ಸಿಕ್ಕಿದ್ದು ಹನ್ನೊಂದಕ್ಕೆ, ಅಪ್ಪ ಅಮ್ಮ ಬರುವ ಹೊತ್ತಿಗೆ ಎರಡೂವರೆ. ಅಷ್ಟರಲ್ಲಿ ಅವನ ಮಂಡಿ ತನ್ನಷ್ಟಕ್ಕೆ ಕುಣಿಯತೊಡಗಿರುತ್ತದೆ. ಉಗುರು ಕಚ್ಚುತ್ತಾನೆ, ಕೇಳಿದ್ದಕ್ಕೆಲ್ಲ ಸಿಡುಕುತ್ತಾನೆ. "ಮಾಡಿದ್ದಲ್ಲದೆ ಕೊಬ್ಬು ಬೇರೆ ನೋಡಿ" ಎಂದು ಯಾರೋ ಅನ್ನುತ್ತಾರೆ. ಆ ಮಾತು ಕಡತಕ್ಕೆ 'ಉದ್ಧಟ ವರ್ತನೆ' ಎಂದು ಇಳಿದು, ಮೂರು ದಿನದ ಸಸ್ಪೆನ್ಷನ್ ಐದಾದರೂ ಆಶ್ಚರ್ಯವಿಲ್ಲ.

ಹೆದರಿಕೆ ಇದ್ದೇ ಇದೆ. ಆದರೆ ರಕ್ತದಲ್ಲಿರುವ ನಿಕೋಟಿನ್ ಅರ್ಧಕ್ಕಿಳಿಯಲು ಸುಮಾರು 2 ಗಂಟೆ ಸಾಕು. ಪ್ರತಿ ಪೀರಿಯಡ್ಡಿನ ನಡುವೆ ಒಂದೆರಡು ದಮ್ಮು ಎಳೆದು ರೂಢಿಯಾದವನಿಗೆ ಮೂರೂವರೆ ಗಂಟೆ ಬೆಂಚಿನ ಮೇಲೆ ಕೂರುವುದೆಂದರೆ ಚಡಪಡಿಕೆ, ಸಿಟ್ಟು, ಗಮನ ನಿಲ್ಲದಿರುವುದು ಎಲ್ಲವೂ ಒಟ್ಟಿಗೆ. ಶಾಲೆಯ ಗಡಿಯಾರ ನಿಯಮ, ನೋಟಿಸು, ಸಹಿ ಎಂದು ಓಡುತ್ತಿರುತ್ತದೆ. ಮೈಯೊಳಗಿನ ಗಡಿಯಾರದ ಲೆಕ್ಕ ಬೇರೆ. ಕೋಣೆಯಲ್ಲಿರುವ ಹಿರಿಯರಿಗೆ ಸಾಮಾನ್ಯವಾಗಿ ಮೊದಲನೆಯದೊಂದೇ ಕಾಣುವುದು.

ಸಿಕ್ಕಿಬೀಳುವ ಬಗೆಯಿಂದಲೇ ಶುರುಮಾಡೋಣ. ವೇಪಿನಿಂದ ಬರುವುದು ಹೊಗೆಯಲ್ಲ. ಪ್ರೊಪಿಲೀನ್ ಗ್ಲೈಕಾಲ್, ಗ್ಲಿಸರಿನ್, ನಿಕೋಟಿನ್, ಪರಿಮಳ ಬೆರೆತ ದ್ರವವನ್ನು ಹತ್ತಿ ಹೀರಿಕೊಂಡಿರುತ್ತದೆ, ಬ್ಯಾಟರಿಯಿಂದ ಕಾಯುವ ಪುಟ್ಟ ಕಾಯಿಲ್ ಅದನ್ನು ಸಣ್ಣ ಸಣ್ಣ ಹನಿಗಳ ಮೋಡ ಮಾಡುತ್ತದೆ. ಮಾಮೂಲಿ ಸ್ಮೋಕ್ ಅಲಾರ್ಮನ್ನು ನಂಬಿ ಕೂತರೆ ಇದು ತಪ್ಪಿಸಿಕೊಂಡುಬಿಡಬಹುದು. ಅದಕ್ಕೇ ಚಾವಣಿಗೆ ತಟ್ಟೆಯಂಥ ಬೇರೆ ಸೆನ್ಸರ್ ಹಾಕುತ್ತಾರೆ. ಗಾಳಿಯಲ್ಲಿ ಸೂಕ್ಷ್ಮ ಕಣಗಳು, ಆವಿಯಾಗುವ ರಾಸಾಯನಿಕಗಳು, ತೇವಾಂಶ ಏಕಾಏಕಿ ಏರಿದರೆ ಅದು ಸಿಬ್ಬಂದಿಯ ಫೋನಿಗೆ ಸಂದೇಶ ಕಳಿಸುತ್ತದೆ. ಬಾಡಿ ಸ್ಪ್ರೇ ಹೊಡೆದರೂ ಅದು ಕೂಗಿಕೊಳ್ಳುವುದುಂಟು. ಹಾಗಾಗಿ ಸೆನ್ಸರ್ ಹೇಳುವುದು 'ಇಲ್ಲಿ ಏನೋ ಆಗಿದೆ' ಎಂದಷ್ಟೆ, 'ಇವನೇ ಮಾಡಿದ್ದು' ಎಂದಲ್ಲ. ಅಲಾರ್ಮ್ ಬಡಿದ ಹೊತ್ತಿಗೆ ಒಳಗಿದ್ದ ಐವರನ್ನೂ ಸಾಲಾಗಿ ನಿಲ್ಲಿಸಿ ಒಂದೇ ಶಿಕ್ಷೆ ಬರೆದ ಶಾಲೆ, ಪೋಷಕರಲ್ಲಿ ಒಬ್ಬರು ಗಟ್ಟಿಯಾಗಿ ಕೇಳಿದ ಕೂಡಲೇ ಇಕ್ಕಟ್ಟಿಗೆ ಸಿಲುಕುತ್ತದೆ.

ಮುಂದಿನದು ಬ್ಯಾಗು ತೆಗೆಸುವ ಘಟ್ಟ. ಇದರ ಬಗ್ಗೆ ಅಮೆರಿಕದ ಸುಪ್ರೀಂ ಕೋರ್ಟ್ 1985ರಲ್ಲಿ ಕೊಟ್ಟ ತೀರ್ಪೊಂದನ್ನು ಅಲ್ಲಿನ ಶಾಲೆಗಳು ಈಗಲೂ ಅಳತೆಗೋಲಾಗಿ ಹಿಡಿಯುತ್ತವೆ. 1980ರಲ್ಲಿ ನ್ಯೂಜೆರ್ಸಿಯ ಶಾಲೆಯೊಂದರಲ್ಲಿ 14 ವರ್ಷದ ಹುಡುಗಿಯೊಬ್ಬಳು ಟಾಯ್ಲೆಟ್ಟಿನಲ್ಲಿ ಸಿಗರೇಟು ಸೇದುವಾಗ ಸಿಕ್ಕಿಬಿದ್ದಳು. ಜೊತೆಗಿದ್ದವಳು ಒಪ್ಪಿಕೊಂಡಳು. ಇವಳು ಮಾತ್ರ "ನಾನು ಸೇದುವುದೇ ಇಲ್ಲ" ಎಂದಳು. ಉಪ ಪ್ರಾಂಶುಪಾಲರು ಪರ್ಸ್ ತೆರೆದರೆ ಸಿಗರೇಟಿನ ಪ್ಯಾಕು ಕಂಡಿತು, ಅದರ ಜೊತೆಗೇ ಸುತ್ತುವ ಕಾಗದ. ಕಾಗದ ಕಂಡಮೇಲೆ ಇನ್ನೂ ಒಳಗೆ ಕೈಹಾಕಿದರು: ಗಾಂಜಾ, ಪೈಪು, ದುಡ್ಡು, ತನಗೆ ಬಾಕಿ ಕೊಡಬೇಕಾದವರ ಹೆಸರು ಬರೆದ ಕಾರ್ಡು. ಶಾಲೆಯವರಿಗೆ ಪೊಲೀಸರಂತೆ ವಾರಂಟ್ ಬೇಡ, ಆದರೆ ಅನುಮಾನಕ್ಕೆ ಸಕಾರಣ ಇರಬೇಕು, ತಪಾಸಣೆ ಆ ಕಾರಣದ ಮಿತಿ ಮೀರಬಾರದು ಎಂದಿತು ಕೋರ್ಟು. ಆ ಪ್ರಕರಣದಲ್ಲಿ ತಪಾಸಣೆ ಸರಿಯೇ ಎಂದು ತೀರ್ಮಾನವಾಯಿತು.

ನಿಯಮ ದೇಶಕ್ಕೊಂದು ಇರಲಿ, ಆ ಪರ್ಸಿನ ಕತೆ ಎಲ್ಲ ಕಡೆಯೂ ಒಂದೇ. ಮೊದಲ ಸುಳ್ಳು ಬ್ಯಾಗು ತೆರೆಸುತ್ತದೆ, ಬ್ಯಾಗಿನಲ್ಲಿ ಸಿಕ್ಕಿದ್ದು ವಿಷಯವನ್ನೇ ಬದಲಿಸುತ್ತದೆ. ಇಂಥ ಹುಡುಗರು ಪದೇ ಪದೇ ಹೇಳುವ ವಾಕ್ಯ "ಇದು ನನ್ನದಲ್ಲ, ಫ್ರೆಂಡ್‌ದು." ಬಹುಪಾಲು ಶಾಲೆಗಳ ನಿಯಮದಲ್ಲಿ ಯಾರದೆಂಬುದು ಮುಖ್ಯವೇ ಅಲ್ಲ, ಯಾರ ಬಳಿ ಸಿಕ್ಕಿತು ಎಂಬುದಷ್ಟೇ ಲೆಕ್ಕ. ಜೊತೆಗೆ ಆ ಫ್ರೆಂಡ್ ಯಾರು ಎಂಬ ಎರಡನೇ ವಿಚಾರಣೆ ಶುರುವಾಗುತ್ತದೆ. ಹೆಜ್ಜೆ ಸಪ್ಪಳ ಕೇಳಿ ಪಕ್ಕದವನ ಕೈಗೆ ದಾಟಿಸಿದರೆ ಇಬ್ಬರೂ ಸಿಕ್ಕಿಬೀಳುತ್ತಾರೆ, ಮೊದಲನೆಯವನ ಮೇಲೆ 'ಇನ್ನೊಬ್ಬರಿಗೆ ಕೊಟ್ಟ' ಎಂಬ ಆರೋಪವೂ ಸೇರುತ್ತದೆ. ಬ್ಯಾಗಿನಲ್ಲಿ ಒಂದು ವೇಪ್ ಇದ್ದರೆ ಅದು ಚಟ. ಸೀಲ್ ಒಡೆಯದ ನಾಲ್ಕು ಪಾಡ್ (ವೇಪಿಗೆ ಸಿಕ್ಕಿಸುವ ದ್ರವದ ಡಬ್ಬಿ) ಮತ್ತು ಮಡಚಿದ ನೋಟುಗಳಿದ್ದರೆ ಅದು ವ್ಯಾಪಾರದಂತೆ ಕಾಣುತ್ತದೆ, ಆಗ ಸಸ್ಪೆನ್ಷನ್ ಇದ್ದದ್ದು ಡಿಬಾರಿನ ಹತ್ತಿರಕ್ಕೆ ಹೋಗುತ್ತದೆ.

ಇಷ್ಟರ ನಡುವೆ ಕೇಳಲೇಬೇಕಾದ ಒಂದು ಪ್ರಶ್ನೆಯನ್ನು ಯಾರೂ ಸರಿಯಾಗಿ ಕೇಳುವುದಿಲ್ಲ: ಕಾರ್ಟ್ರಿಜ್ಜಿನಲ್ಲಿ, ಅಂದರೆ ವೇಪಿನ ದ್ರವದ ಡಬ್ಬಿಯಲ್ಲಿ, ಇರುವುದೇನು? ನಿಕೋಟಿನ್ನೋ, ಗಾಂಜಾದ ಎಣ್ಣೆಯೋ, ಬೇರೇನೋ? ಇದನ್ನು ಶಿಕ್ಷೆ ಬರೆಯುವವರು ಕೇಳಿದರೆ ಹುಡುಗ ಬಾಯಿ ಬಿಡುವುದಿಲ್ಲ. ಶಾಲೆಯ ನರ್ಸೋ ಕೌನ್ಸೆಲರೋ ಬೇರೆ ಕೋಣೆಯಲ್ಲಿ ಕೂರಿಸಿಕೊಂಡು ಕೇಳಬೇಕು. 2019ರಲ್ಲಿ ಅಮೆರಿಕದಲ್ಲಿ ವೇಪ್ ಎಳೆದವರ ಶ್ವಾಸಕೋಶ ಏಕಾಏಕಿ ಹದಗೆಟ್ಟು, 2020ರ ಫೆಬ್ರುವರಿ ಹೊತ್ತಿಗೆ ಆಸ್ಪತ್ರೆ ಸೇರಿದ ಅಥವಾ ಸತ್ತ 2,807 ಪ್ರಕರಣ ದಾಖಲಾಗಿದ್ದವು, ಅವುಗಳಲ್ಲಿ 68 ಸಾವು. ಹೆಚ್ಚಿನವರು ಎಳೆದದ್ದು ಗಾಂಜಾದ ಎಣ್ಣೆ ತುಂಬಿದ ಕಾರ್ಟ್ರಿಜ್, ಅದನ್ನು ದಪ್ಪ ಮಾಡಲು ಬೆರೆಸಿದ್ದ ವಿಟಮಿನ್ ಇ ಅಸಿಟೇಟ್ ಮುಖ್ಯ ಅಪರಾಧಿ ಎಂದು ಗೊತ್ತಾಯಿತು. ಎದೆನೋವು, ಏದುಸಿರು, ವಾಂತಿ, ಜ್ವರ ಇದ್ದರೆ ಅವತ್ತಿನ ನೋಟಿಸು ನಾಳೆಗಿರಲಿ. ಮೊದಲು ಆಸ್ಪತ್ರೆ, ಹೋಗುವಾಗ ವಸ್ತುವನ್ನೂ ಡಾಕ್ಟರಿಗೆ ತೋರಿಸಲು ಒಯ್ಯಬೇಕು.

ಲೇಬಲ್ ಓದುವುದೂ ಒಂದು ವಿದ್ಯೆ. 5 ಪರ್ಸೆಂಟ್ ಎಂದಿದ್ದರೆ ಮಿಲಿಲೀಟರಿಗೆ 50 ಮಿಲಿಗ್ರಾಂ ನಿಕೋಟಿನ್. 10 ಮಿಲಿಲೀಟರಿನ ಡಿಸ್ಪೋಸಬಲ್ (ಖಾಲಿಯಾದ ಮೇಲೆ ಎಸೆಯುವ ವೇಪ್) ಆದರೆ ಒಳಗೆ 500 ಮಿಲಿಗ್ರಾಂ. ಒಂದು ಸಿಗರೇಟಿನಿಂದ ದೇಹಕ್ಕೆ ಸೇರುವುದು ಸುಮಾರು 1ರಿಂದ 1.5 ಮಿಲಿಗ್ರಾಂ. ಇದರೊಳಗಿನದೂ ಅಷ್ಟಕ್ಕಷ್ಟೂ ಮೈಗೆ ಸೇರುವುದಿಲ್ಲ ಅನ್ನಿ, ಆದರೂ ಅಂದಾಜು ಸಿಗುತ್ತದೆ. ಯುರೋಪಿನ ಒಕ್ಕೂಟ ಮಿತಿ ಹಾಕಿರುವುದು ಮಿಲಿಲೀಟರಿಗೆ 20 ಮಿಲಿಗ್ರಾಂ, ಒಂದು ವೇಪಿಗೆ 2 ಮಿಲಿಲೀಟರ್ ದ್ರವ. ಈಗಿನ ವೇಪುಗಳಲ್ಲಿ ನಿಕೋಟಿನ್ನಿಗೆ ಬೆಂಜೋಯಿಕ್ ಆಮ್ಲದಂಥದ್ದನ್ನು ಸೇರಿಸಿ 'ಸಾಲ್ಟ್' ಮಾಡಿರುತ್ತಾರೆ. ಅದರಿಂದ ಗಂಟಲು ಉರಿಯುವುದು ಕಡಿಮೆ. ಮೊದಲ ಸಿಗರೇಟಿಗೆ ಕೆಮ್ಮಿ ಕೆಮ್ಮಿ ಬಿಟ್ಟುಬಿಡುತ್ತಿದ್ದ ಮಕ್ಕಳಿಗೆ ಇದರಲ್ಲಿ ಆ ಕೆಮ್ಮೂ ಇಲ್ಲ, ತಡೆಯೂ ಇಲ್ಲ.

ಇನ್ನು ಕಾನೂನು. ಭಾರತದಲ್ಲಿ 2019ರ ಕಾಯ್ದೆ ಇ-ಸಿಗರೇಟಿನ ತಯಾರಿಕೆ, ಆಮದು, ಮಾರಾಟ, ಹಂಚಿಕೆ, ಜಾಹೀರಾತು, ದಾಸ್ತಾನು ಎಲ್ಲವನ್ನೂ ನಿಷೇಧಿಸಿದೆ. ಮಾರಿದರೆ ಮೊದಲ ಸಲಕ್ಕೆ 1 ವರ್ಷದವರೆಗೆ ಜೈಲು ಅಥವಾ 1 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಸೇದುವುದಕ್ಕೆಂದೇ ಅದರಲ್ಲಿ ಪ್ರತ್ಯೇಕ ಶಿಕ್ಷೆ ಬರೆದಿಲ್ಲ. ಸಿಂಗಪುರ ಇದಕ್ಕೆ ತದ್ವಿರುದ್ಧ: ಬಳಿ ಇಟ್ಟುಕೊಳ್ಳುವುದೇ ಅಪರಾಧ, 2025ರ ಸೆಪ್ಟೆಂಬರಿನಿಂದ 18 ತುಂಬದವರಿಗೆ ಮೊದಲ ಸಲ 500 ಸಿಂಗಪುರ ಡಾಲರ್ ದಂಡ. ಅಮೆರಿಕದಲ್ಲಿ 2019ರ ಡಿಸೆಂಬರಿನಲ್ಲಿ 21 ವರ್ಷಕ್ಕೇರಿದ ಮಿತಿ ಅಂಗಡಿಯವನನ್ನು ಕಟ್ಟಿಹಾಕುವಂಥದ್ದು, ಮಕ್ಕಳಿಗೆ ದಂಡ ಹಾಕುವುದು ಬಿಡುವುದು ರಾಜ್ಯಗಳ ಇಷ್ಟ. ಟೆಕ್ಸಾಸ್ 2023ರಲ್ಲಿ, ವೇಪ್ ಸಮೇತ ಸಿಕ್ಕವರನ್ನು ಶಿಸ್ತಿನ ಬೇರೆ ಶಾಲೆಗೆ ಕಳಿಸುವುದನ್ನೇ ಕಡ್ಡಾಯ ಮಾಡಿ, 2025ರಲ್ಲಿ ಮೊದಲ ಸಲದವರ ಮಟ್ಟಿಗೆ ಆ ಹಗ್ಗ ಸಡಿಲಿಸಿತು.

ವಶಪಡಿಸಿಕೊಂಡ ವೇಪನ್ನು ಏನು ಮಾಡುತ್ತಾರೆ? ಲಕೋಟೆಯಲ್ಲಿ ಹಾಕಿ ಮೇಜಿನ ಡ್ರಾಯರಿಗೆ ತಳ್ಳುತ್ತಾರೆ. ವರ್ಷ ಮುಗಿಯುವ ಹೊತ್ತಿಗೆ ಡ್ರಾಯರಿನಲ್ಲಿ ಮೂವತ್ತು ನಲವತ್ತು ಲಿಥಿಯಂ ಬ್ಯಾಟರಿಗಳು, ಸೋರುವ ನಿಕೋಟಿನ್ ದ್ರವ. ಜಜ್ಜಿಹೋದ ಬ್ಯಾಟರಿ ಬೆಂಕಿ ಹಿಡಿಯಬಲ್ಲದು, ದ್ರವ ಚರ್ಮದ ಮೂಲಕವೂ ಮೈಗೆ ಸೇರುತ್ತದೆ. ಅಮೆರಿಕದ ಪರಿಸರ ಇಲಾಖೆ ಇದನ್ನು ಅಪಾಯಕಾರಿ ತ್ಯಾಜ್ಯದ ಪಟ್ಟಿಯಲ್ಲಿಟ್ಟಿದೆ. ಕೈಗವಸು ಹಾಕಿ ಮುಟ್ಟಬೇಕು, ಒಂದೊಂದನ್ನೂ ಬೇರೆ ಬೇರೆ ಪ್ಲಾಸ್ಟಿಕ್ ಚೀಲದಲ್ಲಿಡಬೇಕು, ಸಿಂಕಿಗೂ ಕಸದ ಬುಟ್ಟಿಗೂ ಹಾಕಬಾರದು. ಮಕ್ಕಳಿಗೆ ಅಪಾಯದ ಪಾಠ ಹೇಳುವ ಕೋಣೆಯಲ್ಲೇ ಈ ಡ್ರಾಯರು ಇರುತ್ತದೆ.

ಸಂಜೆ ಮನೆ. ಕೂಗಾಟ, ಫೋನ್ ಕಿತ್ತುಕೊಳ್ಳುವುದು, ಕೋಣೆ ತಡಕಾಟ, ಎಲ್ಲ ಮುಗಿದು ಮನೆಯಲ್ಲಿ ಮಾತೇ ಇಲ್ಲ. ಆ ರಾತ್ರಿ ಮೊದಲು ಕೇಳಬೇಕಾದ ಪ್ರಶ್ನೆ: "ಬೆಳಿಗ್ಗೆ ಎದ್ದ ಎಷ್ಟು ಹೊತ್ತಿಗೆ ಮೊದಲ ದಮ್ಮು ಎಳೀತೀಯಪ್ಪ?" ಎದ್ದ ಅರ್ಧ ಗಂಟೆಯೊಳಗೆ ಎಂದರೆ ಚಟ ಗಟ್ಟಿಯಾಗಿದೆ. ನಡುರಾತ್ರಿ ಎಚ್ಚರವಾಗಿ ದಿಂಬಿನಡಿ ಕೈಹಾಕುವವನು ಇನ್ನೂ ಮುಂದೆ ಹೋಗಿದ್ದಾನೆ. ವಾರಾಂತ್ಯದಲ್ಲಿ ಗೆಳೆಯರ ಕೈಯಿಂದ ಮಾತ್ರ ಎಂದರೆ, ಅದು ನಿಜವೇ ಆಗಿದ್ದರೆ, ಚಟ ಇನ್ನೂ ಬೇರು ಬಿಟ್ಟಿಲ್ಲ. ಎಷ್ಟು ದಿನಕ್ಕೆ ಒಂದು ಖಾಲಿಯಾಗುತ್ತದೆ ಎಂಬುದು ಎರಡನೆಯ ಪ್ರಶ್ನೆ. "ಯಾಕೆ ಮಾಡಿದೆ?" ಎಂಬುದಕ್ಕೆ ಆ ರಾತ್ರಿ ಉಪಯೋಗಕ್ಕೆ ಬರುವ ಉತ್ತರ ಸಿಗುವುದಿಲ್ಲ.

ಈಗ ಎರಡನೇ ಗಡಿಯಾರಕ್ಕೆ ಬನ್ನಿ. ನಿಕೋಟಿನ್ ನಿಂತ ಮೇಲೆ ಸಂಕಟ ಅತಿ ಜೋರಾಗುವುದು ಎರಡನೇ, ಮೂರನೇ ದಿನ. ಮುನಿಸು, ನಿದ್ದೆಗೇಡು, ಹಸಿವು, ತಲೆನೋವು, ಮಂಕು. ಪೂರ್ತಿ ಇಳಿಯಲು ಎರಡರಿಂದ ನಾಲ್ಕು ವಾರ. ಮೂರು ದಿನದ ಸಸ್ಪೆನ್ಷನ್ ಅಂದರೆ ಸರಿಯಾಗಿ ಈ ದಿನಗಳೇ. ಅಪ್ಪ ಅಮ್ಮ ಕೆಲಸಕ್ಕೆ ಹೋಗಿರುತ್ತಾರೆ. ಹುಡುಗ ಮನೆಯಲ್ಲಿ ಒಬ್ಬನೇ, ಪಾಠ ತಪ್ಪಿದ ಚಿಂತೆ ಬೇರೆ. ಚಟ ಬಿಡಿಸಲು ಇದಕ್ಕಿಂತ ಕೆಟ್ಟ ಏರ್ಪಾಡು ಬೇಕೆಂದರೂ ಸಿಗಲಿಕ್ಕಿಲ್ಲ. ಕೆಲವು ಶಾಲೆಗಳು ಸಸ್ಪೆನ್ಷನ್ ಬದಲಿಗೆ ಶಾಲೆಯಲ್ಲೇ ಉಳಿಸಿಕೊಂಡು ನಾಲ್ಕಾರು ತರಗತಿ ನಡೆಸುತ್ತವೆ. ಅಮೆರಿಕದ ಲಂಗ್ ಅಸೋಸಿಯೇಷನ್ ರೂಪಿಸಿದ್ದು ಅಂಥದ್ದೇ: 50 ನಿಮಿಷದ ನಾಲ್ಕು ಅವಧಿ. ಶಿಕ್ಷೆ ಇರಬಾರದೆಂದಲ್ಲ. ಆಟದ ತಂಡದಿಂದ ಕೈಬಿಡುವುದು, ನಾಯಕತ್ವ ಹೋಗುವುದು ಇದ್ದೇ ಇರುತ್ತದೆ. ಆ ಮೂರು ದಿನ ಮಾತ್ರ ಒಬ್ಬನೇ ಇರಬಾರದು.

ಫೋನ್ ಕಿತ್ತುಕೊಳ್ಳುವ ಮೊದಲು ಇದನ್ನೂ ಯೋಚಿಸಿ. ಹದಿಹರೆಯದವರು ವೇಪ್ ಬಿಡಲು ಮೊಬೈಲ್ ಸಂದೇಶದ ಮೂಲಕ ಕಳಿಸುವ ಸಲಹೆ ಎಷ್ಟು ಫಲ ಕೊಡುತ್ತದೆ ಎಂದು ಅಮೆರಿಕದಲ್ಲಿ 13ರಿಂದ 17 ವಯಸ್ಸಿನವರ ಮೇಲೆ ನಡೆದ ಅಧ್ಯಯನ 2024ರಲ್ಲಿ ಪ್ರಕಟವಾಯಿತು. ಏಳು ತಿಂಗಳ ನಂತರ ಸಂದೇಶ ಪಡೆದವರಲ್ಲಿ 37.8 ಪರ್ಸೆಂಟ್ ಬಿಟ್ಟಿದ್ದರು, ಪಡೆಯದವರಲ್ಲಿ 28. ಫೋನ್ ಪೂರ್ತಿ ಕಿತ್ತುಕೊಂಡರೆ ಈ ದಾರಿ ಮುಚ್ಚುತ್ತದೆ. ವೇಪ್ ತಂದುಕೊಡುವವನ ನಂಬರ್ ಅಳಿಸಿ, ಸಂದೇಶದ ದಾರಿ ಬಿಡಿ.

ಚಟ ಗಟ್ಟಿಯಾಗಿದ್ದರೆ ಡಾಕ್ಟರು ನಿಕೋಟಿನ್ ಗಮ್ ಅಥವಾ ಚರ್ಮಕ್ಕೆ ಅಂಟಿಸುವ ನಿಕೋಟಿನ್ ಪ್ಯಾಚ್ ಬರೆಯಬಹುದು. ಬ್ರಿಟನ್ನಿನಲ್ಲಿ 12 ವರ್ಷದಿಂದಲೇ ಇದಕ್ಕೆ ಅನುಮತಿಯಿದೆ, ಬೇರೆ ಹಲವು ಕಡೆ 18ರ ಒಳಗಿನವರಿಗೆ ಡಾಕ್ಟರು ನೋಡಿಯೇ ಕೊಡಬೇಕು. ಗಮ್ಮಿನಲ್ಲಿ 2 ಮತ್ತು 4 ಮಿಲಿಗ್ರಾಂ ಎಂದು ಎರಡು ಬಗೆ. ಇದು ಕೆಲಸ ಮಾಡಲಿಲ್ಲ ಎನ್ನುವವರಲ್ಲಿ ಹೆಚ್ಚಿನವರು ಇದನ್ನು ಚ್ಯೂಯಿಂಗ್ ಗಮ್ಮಿನಂತೆ ಅಗಿದಿರುತ್ತಾರೆ. ಹಾಗೆ ಅಗಿದರೆ ನಿಕೋಟಿನ್ ಎಂಜಲಿನೊಂದಿಗೆ ಹೊಟ್ಟೆಗಿಳಿದು ಬಿಕ್ಕಳಿಕೆ, ಹೊಟ್ಟೆ ತೊಳಸುವುದು. ನಿಧಾನವಾಗಿ ಅಗಿಯಬೇಕು, ನಾಲಿಗೆ ಚುರುಗುಟ್ಟಿದ ಕೂಡಲೇ ನಿಲ್ಲಿಸಿ ಕೆನ್ನೆಯ ಒಳಗೆ, ಒಸಡಿನ ಪಕ್ಕಕ್ಕೆ ಇಟ್ಟುಕೊಳ್ಳಬೇಕು. ಚುರುಗುಟ್ಟುವುದು ನಿಂತಮೇಲೆ ಮತ್ತೆ ಅಗಿಯಬೇಕು. ಹೀಗೆ ಅರ್ಧ ಗಂಟೆ. ಅದಕ್ಕೂ ಕಾಲು ಗಂಟೆ ಮೊದಲಿನಿಂದ ಹುಳಿಹಣ್ಣಿನ ರಸ, ಕಾಫಿ, ಸೋಡಾ ಬೇಡ, ಬಾಯಿ ಹುಳಿಯಾಗಿದ್ದರೆ ನಿಕೋಟಿನ್ ಸರಿಯಾಗಿ ಹೀರಿಕೊಳ್ಳುವುದಿಲ್ಲ. ಪ್ಯಾಚ್ ಹಚ್ಚಿಕೊಂಡವನಿಗೆ ವಿಚಿತ್ರ ಕನಸು ಬಿದ್ದು ನಿದ್ದೆ ಕೆಡುತ್ತಿದ್ದರೆ ಮಲಗುವಾಗ ತೆಗೆಯಬಹುದೇ ಎಂದು ಡಾಕ್ಟರನ್ನು ಕೇಳಿ.

ನಾಲ್ಕನೇ ದಿನ ಶಾಲೆ. ಇಲ್ಲೊಂದು ಸಣ್ಣ ಎಡವಟ್ಟು ಕಾದಿರುತ್ತದೆ. ವಾಪಸು ಬಂದ ಮೇಲೆ ಮೂತ್ರ ಪರೀಕ್ಷೆ ಮಾಡಿಸುವ ಶಾಲೆಗಳಿವೆ. ಅದು ಹುಡುಕುವುದು ಕೋಟಿನಿನ್ ಎಂಬುದನ್ನು, ನಿಕೋಟಿನ್ ದೇಹದಲ್ಲಿ ಕರಗಿದಾಗ ಆಗುವ ವಸ್ತು. ಅದು ಅರ್ಧಕ್ಕಿಳಿಯಲು ಸುಮಾರು 16 ಗಂಟೆ ಬೇಕು, ಹಾಗಾಗಿ ಮೂತ್ರದಲ್ಲಿ ಕೆಲವು ದಿನ ಕಾಣಿಸುತ್ತಲೇ ಇರುತ್ತದೆ. ಗಮ್ ಅಗಿದರೂ ಪ್ಯಾಚ್ ಹಚ್ಚಿದರೂ ಪಾಸಿಟಿವ್. ನಿಯತ್ತಾಗಿ ಬಿಡುತ್ತಿರುವವನೇ ಎರಡನೇ ಸಲ 'ಸಿಕ್ಕಿಬೀಳುವುದು' ಹೀಗೆ. ಡಾಕ್ಟರ ಚೀಟಿಯ ಒಂದು ಪ್ರತಿಯನ್ನು ಮೊದಲೇ ಶಾಲೆಗೆ ಕೊಟ್ಟು, ತಲುಪಿತೆಂದು ಸಹಿ ಪಡೆದಿರಬೇಕು. ಗಮ್ ಪ್ಯಾಕನ್ನು ಬ್ಯಾಗಿನಲ್ಲಿ ಬಿಡದೆ ನರ್ಸಿನ ಕೈಗೆ ಕೊಟ್ಟು, ಹನ್ನೊಂದರ ಬೆಲ್ಲಿಗೆ ಟಾಯ್ಲೆಟ್ಟಿನ ಕಡೆ ಹೋಗುತ್ತಿದ್ದವನು ಅವರ ಕೋಣೆಗೆ ಹೋಗುವಂತೆ ಅವತ್ತೇ ಏರ್ಪಾಡಾಗಬೇಕು.